ನಿಮಗಿದು ಗೊತ್ತೆ? ಗುಂಡು ಹಾರಿಸದ ಮಹಾವೀರ!

ಮೊದಲ ಮಹಾಯುದ್ಧದಲ್ಲಿ ಅಧಿಕಾರಿಗಳನ್ನು ಬಿಟ್ಟರೆ ಅತಿ ಹೆಚ್ಚು ಶೌರ್ಯ ಪದಕ ಗೆದ್ದ ಬ್ರಿಟಿಷ್ ಸೈನಿಕ ವಿಲಿಯಂ ಕೋಲ್ಟ್‌ಮನ್. ಐದು ಸಲ ಪದಕ ಗೆದ್ದದ್ದೂ ಒಂದೇ ಒಂದು ಗುಂಡು ಹಾರಿಸದೆ! ಕೊಲ್ಲುವುದು ಧರ್ಮಕ್ಕೆ ಸಲ್ಲದೆಂದು ನಂಬಿದ್ದ ಈ ತೋಟದ ಮಾಲಿ, ಸೇನೆಯಲ್ಲಿ ಗಾಯಾಳುಗಳನ್ನು ಹೊರುವ ಸ್ಟ್ರೆಚರ್ ಹಿಡಿದರು. ಅದೇನು ಅಪಾಯವಿಲ್ಲದ ಕೆಲಸ ಎನ್ನುವಂತಿಲ್ಲ. 1918ರ ಅಕ್ಟೋಬರ್‌ನಲ್ಲಿ ಫ್ರಾನ್ಸ್‌ನ ಮ್ಯಾನಿಕಿನ್ ಹಿಲ್‌ನಿಂದ ಪಡೆ ಹಿಂದೆ ಸರಿದಾಗ ಗಾಯಾಳುಗಳು ಅಲ್ಲೇ ಉಳಿದರು. ಕೋಲ್ಟ್‌ಮನ್ ಗುಂಡಿನ ಸುರಿಮಳೆಯಲ್ಲೇ ಒಬ್ಬರೇ ಹೋಗಿ, ಗಾಯಗಳಿಗೆ ಪಟ್ಟಿ ಕಟ್ಟಿ, ಮೂರು ಸಲ ಸಂಗಾತಿಗಳನ್ನು ಬೆನ್ನ ಮೇಲೆ ಹೊತ್ತು ತಂದರು. ಮುಂದೆ ಸತತ 48 ಗಂಟೆ ಶುಶ್ರೂಷೆ. ಅದಕ್ಕೇ ಬ್ರಿಟನ್ನಿನ ಅತ್ಯುನ್ನತ ಶೌರ್ಯ ಪದಕ ವಿಕ್ಟೋರಿಯಾ ಕ್ರಾಸ್. ಯುದ್ಧದಲ್ಲಿ ಶೌರ್ಯವೆಂದರೆ ಕೊಲ್ಲುವುದಷ್ಟೇ ಅಲ್ಲ ಎಂದು ಸೇನೆಯೇ ಐದು ಸಲ ಒಪ್ಪಿಕೊಂಡಂತಾಯಿತು!