ಬೀಗವೂ ಗುರುತೂ

ಕೊಟ್ಟೂರಿನಲ್ಲಿ ನನ್ನ ಮಿತ್ರರೊಬ್ಬರಿದ್ದಾರೆ, ನಿವೃತ್ತ ಸಂಗೀತೋಪಾಧ್ಯಾಯರು. ಕಳೆದ ವರ್ಷ ಅವರು ತಮ್ಮ ಬ್ಯಾಂಕು ಖಾತೆಯ ಪಾಸ್‌ವರ್ಡನ್ನು ಮರೆತರು. ಶಾಖೆಗೆ ಹೋಗಿ ವಿಚಾರಿಸಿದರೆ ಅಲ್ಲಿದ್ದ ತರುಣ, "ಅದು ನಮಗೂ ಗೊತ್ತಿರೋದಿಲ್ಲ ಸರ್, ಹೊಸದು ಮಾಡಿಕೊಳ್ಳಬೇಕು" ಎಂದನಂತೆ. "ಗೊತ್ತಿಲ್ಲದ ಮೇಲೆ, ಇಷ್ಟು ದಿನ ನಾನು ಬರೆದದ್ದು ಸರಿ ಅಂತ ಹೇಗಪ್ಪಾ ಒಪ್ಪಿಕೊಂಡಿರಿ?" ಎಂದು ಇವರು ಸಿಡುಕಿ ಬಂದರು. ಹೊಸದನ್ನು ಮಾಡಿಕೊಂಡ ಒಂದೇ ವಾರಕ್ಕೆ ಯಾರೋ ದೂರವಾಣಿಯಲ್ಲಿ, "ನಿಮ್ಮ ಪಾಸ್‌ವರ್ಡ್ ನಮ್ಮ ಕಡತದಲ್ಲಿದೆ, ತಾಳೆ ನೋಡಬೇಕು, ಒಮ್ಮೆ ಹೇಳಿ" ಎಂದರು. ಇವರು ಅದನ್ನೂ, ಬೆನ್ನಿಗೇ ಬಂದ ಒಟಿಪಿಯನ್ನೂ ಹೇಳಿದರು. ಎರಡು ತಿಂಗಳ ಪಿಂಚಣಿ ಹೋಯಿತು.

ಆದರೂ ಅವರ ಪ್ರಶ್ನೆ ದಡ್ಡರ ಪ್ರಶ್ನೆಯಲ್ಲ. ತಿಳಿಯದುದನ್ನು ಸರಿಯೆಂದು ಗುರುತಿಸುವುದು ಹೇಗೆ?

ಗುಟ್ಟಿನ ಬರಹವೆಂದೊಡನೆ ಕನ್ನಡಿಗರಿಗೆ ನೆನಪಾಗುವುದು ಕುಮುದೇಂದು ಮುನಿಯ ಹೆಸರಿನಲ್ಲಿರುವ 'ಸಿರಿಭೂವಲಯ'. ಯಲ್ಲಪ್ಪಶಾಸ್ತ್ರಿ, ಕರ್ಲಮಂಗಲಂ ಶ್ರೀಕಂಠಯ್ಯ ಮೊದಲಾದವರ ಶ್ರಮದಿಂದ 1953ರಲ್ಲಿ ಅದರ ಒಂದು ಭಾಗ ಅಚ್ಚಾಯಿತು. ಅದರ ಕಾಲದ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವಿಲ್ಲ. ಆ ಜಗಳ ಇಲ್ಲಿ ಬೇಡ. ಅಡ್ಡ 27, ಉದ್ದ 27, ಒಟ್ಟು 729 ಮನೆಗಳ ಚಕ್ರ. ಮನೆಗಳಲ್ಲಿ 1ರಿಂದ 64ರವರೆಗಿನ ಅಂಕಗಳು. ಒಂದೊಂದು ಅಂಕಕ್ಕೆ ಒಂದೊಂದು ಧ್ವನಿ. ಯಾವ ಮನೆಯಿಂದ ಯಾವ ಮನೆಗೆ ನಡೆಯಬೇಕೆಂಬ 'ಬಂಧ'ವನ್ನು ಅರಿತವನಿಗೆ ಪದ್ಯ ತೆರೆದುಕೊಳ್ಳುತ್ತದೆ. ಮುಚ್ಚಿದ ನಿಯಮವೇ ತೆರೆಯುವ ನಿಯಮ. ಒಂದೇ ಕೀಲಿಕೈಯ ಇಂಥ ಬೀಗಕ್ಕೆ ಇಂದಿನವರು ಸಿಮೆಟ್ರಿಕ್ ಗೂಢಲಿಪಿ ಎನ್ನುತ್ತಾರೆ. ಅವುಗಳಲ್ಲಿ ಪ್ರಸಿದ್ಧವಾದ ಎಇಎಸ್ ಅನ್ನು ರಚಿಸಿದವರು ಬೆಲ್ಜಿಯಮ್ಮಿನ ಡಾಮೆನ್ ಮತ್ತು ರೈಮೆನ್. ಅಮೆರಿಕ ಅದನ್ನು 2001ರಲ್ಲಿ ಮಾನಕವಾಗಿ ಅಂಗೀಕರಿಸಿತು. ಅದರ ಬಂಧ ಗುಟ್ಟಲ್ಲ, ಯಾರು ಬೇಕಾದರೂ ಓದಬಹುದು. ಗುಟ್ಟೆಂದರೆ ಕೀಲಿ ಮಾತ್ರ. ಅತಿ ಚಿಕ್ಕ ಬಗೆಯಲ್ಲೂ ಸಾಧ್ಯವಿರುವ ಕೀಲಿಗಳ ಎಣಿಕೆ 39 ಅಂಕೆಗಳ ಸಂಖ್ಯೆ.

ಪಾಸ್‌ವರ್ಡುಗಳನ್ನೂ ಹೀಗೆಯೇ ಬೀಗ ಹಾಕಿ ಇಡಬಾರದೇಕೆ? ಆ ಒಂದು ಕೀಲಿ ಕಳ್ಳನ ಕೈ ಸೇರಿದರೆ ಎಲ್ಲರ ಗುಟ್ಟೂ ಒಮ್ಮೆಗೇ ಬಯಲಾಗುತ್ತದೆ. ಇಲ್ಲಿ ಬೇಕಾದದ್ದು ತೆರೆಯುವ ಪೆಟ್ಟಿಗೆಯಲ್ಲ, ಎಂದೂ ತೆರೆಯದ ಗುರುತು. ಅದೇ ಹ್ಯಾಶ್. ಇದನ್ನು ಮಿತ್ರರಿಗೆ ಅವರ ವಿದ್ಯೆಯಿಂದಲೇ ವಿವರಿಸಿದೆ. ಮೇಳಕರ್ತ ರಾಗಗಳ ಹೆಸರಿನಲ್ಲಿ ಕಟಪಯಾದಿ ಸಂಖ್ಯೆ ಅಡಗಿದೆಯಷ್ಟೆ. ಮಾಯಾಮಾಳವಗೌಳದಲ್ಲಿ 'ಮ' ಐದು, 'ಯ' ಒಂದು. ತಿರುವಿ ಓದಿದರೆ 15ನೆಯ ಮೇಳ. ಹೆಸರಿನಿಂದ ಅಂಕಕ್ಕೆ ಇಳಿಯುವುದು ಸುಲಭ. ಆದರೆ ಬರಿಯ 15 ಎಂದರೆ 'ಮಾಯೆ'ಯೂ ಆಗಬಹುದು, 'ಶೋಕ'ವೂ 'ಶಾಪ'ವೂ ಆಗಬಹುದು! ಅಂಕದಿಂದ ಪದಕ್ಕೆ ಹಿಂದಿರುಗುವ ದಾರಿಯಿಲ್ಲ. ಭತ್ತ ಮಂಡಕ್ಕಿಯಾದ ಮೇಲೆ ಮರಳಿ ಭತ್ತವಾಗದು.

ಕಟಪಯಾದಿ ಬಡ ಹ್ಯಾಶ್, ಅದರಲ್ಲಿ ಜೋಡಿಗಳು ಸುಲಭವಾಗಿ ಸಿಗುತ್ತವೆ. ಒಳ್ಳೆಯ ಹ್ಯಾಶಿನಲ್ಲಿ ಒಂದೇ ಗುರುತಿನ ಎರಡು ಬರಹಗಳನ್ನು ಹುಡುಕುವುದು ಕಾರ್ಯತಃ ಅಸಾಧ್ಯವಾಗಿರಬೇಕು. ಎಂಡಿ5 ಎಂಬುದರಲ್ಲಿ ಚೀನದ ವಾಂಗ್ ಶಿಯಾವ್ಯುನ್ ಮತ್ತು ಸಂಗಡಿಗರು 2004ರಲ್ಲಿ ಅಂಥ ಜೋಡಿಯನ್ನು ತೋರಿಸಿದರು. ಅಲ್ಲಿಗೆ ಅದರ ಮೇಲಿನ ನಂಬಿಕೆ ಹೋಯಿತು. ಇಂದು ಬಳಕೆಯಲ್ಲಿರುವ ಎಸ್‌ಎಚ್‌ಎ-256, ಒಂದು ಪದ ಕೊಟ್ಟರೂ ಇಡೀ ಭಾರತ ಕೊಟ್ಟರೂ 64 ಚಿಹ್ನೆಗಳ ಗುರುತನ್ನೇ ಕೊಡುತ್ತದೆ. ಒಂದು ಕೊಂಬು ಬದಲಾದರೂ ಗುರುತು ಪೂರ್ತಿ ಬೇರೆ. ಪಾಸ್‌ವರ್ಡುಗಳಿಗೆ ಬೇಕೆಂದೇ ನಿಧಾನಗೊಳಿಸಿದ ಹ್ಯಾಶ್‌ಗಳಿವೆ, ಊಹಿಸಿ ನೋಡುವ ಕಳ್ಳನಿಗೆ ದುಬಾರಿಯಾಗಲೆಂದು. ಇಬ್ಬರು ಒಂದೇ ಪದವನ್ನಿಟ್ಟುಕೊಂಡರೂ ಗುರುತು ಬೇರೆಯಾಗಲೆಂದು ಪ್ರತಿಯೊಂದಕ್ಕೂ ಬೇರೆ ಬೇರೆ 'ಉಪ್ಪು' ಬೆರೆಸುತ್ತಾರೆ. ಹೆಸರು ನನ್ನದಲ್ಲ, ಆ ಶಾಸ್ತ್ರದವರದೇ.

ನೀವು ಬರೆದುದನ್ನು ಯಂತ್ರ ಅದೇ ಕ್ಷಣ ಗುರುತಾಗಿ ಅರೆದು, ಹಳೆಯ ಗುರುತಿನೊಡನೆ ಹೋಲಿಸುತ್ತದೆ. ಪದವು ಅಲ್ಲಿ ಉಳಿಯುವುದಿಲ್ಲ. ಶಾಖೆಯ ತರುಣ ಹೇಳಿದ್ದು ಸತ್ಯ. ಕಡತದಲ್ಲಿದೆಯೆಂದು ಕರೆ ಮಾಡಿದವನದು ಸುಳ್ಳು.

"ಇದನ್ನು ಮೊದಲೇ ಹೇಳಬಾರದಾಗಿತ್ತೇ ಮಾರಾಯರೆ" ಎಂದರು ಮಿತ್ರರು. 1930 ಸಂಖ್ಯೆಗೆ ದೂರು ಕೊಟ್ಟದ್ದು ಮೂರನೆಯ ದಿನ. ಹಣ ಇನ್ನೂ ಬಂದಿಲ್ಲ.