ಐದು ಎಚ್.ಪಿ. ಎಂದರೆ ಎಷ್ಟು?

ಮಂಡ್ಯ, ಮದ್ದೂರು, ಮಳವಳ್ಳಿ - ಈ ಮೂರು ಊರುಗಳಲ್ಲಿ ಯಾವುದಾದರೂ ಮೋಟಾರು ಅಂಗಡಿಯ ಮುಂದೆ ಹತ್ತು ನಿಮಿಷ ನಿಂತರೆ ಒಂದು ಪ್ರಶ್ನೆ ಕಿವಿಗೆ ಬಿದ್ದೇ ಬೀಳುತ್ತದೆ: ‘ಐದು ಎಚ್.ಪಿ. ಸಾಕೋ, ಏಳೂವರೆ ಹಾಕಿಸಬೇಕೋ?’ ಉತ್ತರ ಬಹುಮಟ್ಟಿಗೆ ಊಹೆಯ ಮೇಲೆ ನಡೆಯುತ್ತದೆ. ಪಕ್ಕದ ಹೊಲದವರು ಏಳೂವರೆ ಹಾಕಿಸಿದ್ದರೆ ನಾವೂ ಹಾಕಿಸಿಬಿಡೋಣ, ದೊಡ್ಡದಿದ್ದರೆ ಒಳ್ಳೆಯದೇ ಅಲ್ಲವೆ ಎಂಬ ಲೆಕ್ಕ.

ಅದೇ ಮನೆಯಲ್ಲಿ ಎಸ್ಸೆಸ್ಸೆಲ್ಸಿ ಓದುವ ಮಗಳಿರುತ್ತಾಳೆ. ಅವಳ ಪುಸ್ತಕದಲ್ಲಿರುವುದು ವ್ಯಾಟ್. ಗೋಡೆಯ ಮೇಲಿನ ಮೀಟರು ತೋರಿಸುವುದು ಯೂನಿಟ್. ಅಪ್ಪ ಆಡುವುದು ಎಚ್.ಪಿ. ಮೂರೂ ಒಂದೇ ವಂಶದ ಮಾತುಗಳು. ಆದರೆ ಅವುಗಳ ಸಂಬಂಧವನ್ನು ಮನೆಯಲ್ಲಿ ಯಾರೂ ಕೂತು ಮಾತಾಡಿರುವುದಿಲ್ಲ. ಮಾತಾಡಿದರೆ ಮಗಳಿಗೆ ಅಂಕವೂ ಉಳಿಯುತ್ತದೆ, ಅಪ್ಪನಿಗೆ ಹಣವೂ ಉಳಿಯುತ್ತದೆ.

ಹೆಸರಿನಲ್ಲೇ ಇದೆ ತೊಡಕು

ಎಚ್.ಪಿ. ಎಂದರೆ ಹಾರ್ಸ್‌ಪವರ್. ಕನ್ನಡದಲ್ಲಿ ಅದನ್ನು ‘ಅಶ್ವಶಕ್ತಿ’ ಎಂದು ಕರೆದು ಬಹಳ ಕಾಲವಾಯಿತು. ತೊಡಕು ಇರುವುದು ಅಲ್ಲಿಯೇ. ನಮ್ಮ ವಿಜ್ಞಾನ ಪಠ್ಯಗಳಲ್ಲಿ ‘ಬಲ’ ಎಂದರೆ ಫೋರ್ಸ್, ‘ಶಕ್ತಿ’ ಎಂದರೆ ಎನರ್ಜಿ, ‘ಸಾಮರ್ಥ್ಯ’ ಎಂದರೆ ಪವರ್. ಹಾರ್ಸ್‌ಪವರ್ ಎಂಬುದು ಸಾಮರ್ಥ್ಯದ ಮಾನ. ಹಾಗಿದ್ದೂ ಅದರ ಕನ್ನಡ ಹೆಸರಿನಲ್ಲಿ ‘ಶಕ್ತಿ’ ಕುಳಿತಿದೆ. ಪಾಠದಲ್ಲಿ ಎರಡನ್ನೂ ಬೇರೆ ಬೇರೆ ಎಂದು ಕಲಿತ ವಿದ್ಯಾರ್ಥಿ ಅಶ್ವಶಕ್ತಿಯ ಹತ್ತಿರ ಬಂದಾಗ ಗಲಿಬಿಲಿಗೊಳ್ಳುವುದು ಸಹಜ. ‘ಅಶ್ವಸಾಮರ್ಥ್ಯ’ ಎಂಬುದೇ ಸರಿಯಾದ ಮಾತು. ಬಳಕೆ ಹಳೆಯದಾದ್ದರಿಂದ ಅಶ್ವಶಕ್ತಿಯನ್ನು ಬಿಡುವುದು ಕಷ್ಟ. ಅರ್ಥವನ್ನಾದರೂ ಸರಿಯಾಗಿ ಹಿಡಿಯೋಣ.

ಒಂದು ಭತ್ತದ ಮೂಟೆ, ತೂಕ 50 ಕಿಲೋ. ಅದನ್ನು ಒಂದೂವರೆ ಮೀಟರ್ ಎತ್ತರದ ಲಾರಿಗೆ ಏರಿಸಬೇಕು. ನೆಲದ ಸೆಳೆತದ ಲೆಕ್ಕ 9.8ರಿಂದ ಗುಣಿಸಿದರೆ 735 ಜೂಲ್ ಕೆಲಸ. ಹಮಾಲಿಯೊಬ್ಬ ಒಂದೇ ಸೆಕೆಂಡಿನಲ್ಲಿ ಎತ್ತಿ ಎಸೆದರೂ ಅಷ್ಟೇ ಕೆಲಸ. ಇಬ್ಬರು ಹುಡುಗರು ಹಲಗೆಯ ಮೇಲೆ ಹತ್ತು ಸೆಕೆಂಡು ತಳ್ಳಿ ಏರಿಸಿದರೂ, ಉಜ್ಜುವಿಕೆಯನ್ನು ಬಿಟ್ಟರೆ, ಮೂಟೆಗೆ ಸೇರಿದ ಶಕ್ತಿ ಅಷ್ಟೇ. ವ್ಯತ್ಯಾಸ ಇರುವುದು ವೇಗದಲ್ಲಿ. ಕೆಲಸವನ್ನು ಕಾಲದಿಂದ ಭಾಗಿಸಿದರೆ ಸಾಮರ್ಥ್ಯ. ಹಮಾಲಿಯದು 735 ವ್ಯಾಟ್, ಹುಡುಗರದು ಇಬ್ಬರಿಂದ ಸೇರಿ ಎಪ್ಪತ್ತಮೂರೂವರೆ ವ್ಯಾಟ್.

ಒಂದು ಅಶ್ವಶಕ್ತಿ ಎಂದರೆ 746 ವ್ಯಾಟ್. ಅಂದರೆ ಆ ಒಂದು ಸೆಕೆಂಡಿನ ಮಟ್ಟಿಗೆ ನಮ್ಮ ಹಮಾಲಿ ಹೆಚ್ಚುಕಡಿಮೆ ಒಂದು ಕುದುರೆಯೇ ಆಗಿದ್ದ! ದಿನವಿಡೀ ಹಾಗೆ ದುಡಿಯಲು ಮನುಷ್ಯನಿಂದ ಆಗದು. ಗಂಟೆಗಟ್ಟಲೆ ಒಂದೇ ಸಮ ದುಡಿಯುವಾಗ ನಮ್ಮ ಸಾಮರ್ಥ್ಯ ಸುಮಾರು ಹತ್ತನೇ ಒಂದು ಎಚ್.ಪಿ. ಮಾತ್ರ. ಹಿಂದೆ ಆಲೆಮನೆಯಲ್ಲಿ ಗಾಣ ತಿರುಗಿಸುತ್ತಿದ್ದ, ಬಾವಿಯಿಂದ ಕಪಿಲೆ ಎಳೆಯುತ್ತಿದ್ದ ಒಂದು ಜೋಡಿ ಎತ್ತುಗಳದ್ದು ಹೆಚ್ಚೆಂದರೆ ಸುಮಾರು ಒಂದು ಎಚ್.ಪಿ.

ವ್ಯಾಟ್ ಕಟ್ಟಿದ ಕುದುರೆ

ಈ ಮಾನಕ್ಕೆ ಕುದುರೆಯ ಹೆಸರು ಬಂದದ್ದು ವ್ಯಾಪಾರದ ಕಾರಣಕ್ಕೆ. 18ನೇ ಶತಮಾನದ ಕೊನೆಯಲ್ಲಿ ಜೇಮ್ಸ್ ವ್ಯಾಟ್ ತಾನು ಸುಧಾರಿಸಿದ ಉಗಿ ಎಂಜಿನನ್ನು ಮಾರಲು ಹೊರಟ. ಕೊಳ್ಳುವವರು ಗಣಿಯವರು, ಮದ್ಯ ತಯಾರಿಸುವವರು. ಅವರೆಲ್ಲ ಕುದುರೆ ಕಟ್ಟಿ ಗಿರಣಿ ತಿರುಗಿಸುತ್ತಿದ್ದವರು. ‘ನಿನ್ನ ಎಂಜಿನು ಎಷ್ಟು ಕುದುರೆಗೆ ಸಮ?’ ಎಂಬುದೇ ಅವರ ಪ್ರಶ್ನೆ.

ವ್ಯಾಟ್ ಲೆಕ್ಕ ಹಾಕಿದ. ಗಿರಣಿಯ ಕುದುರೆ 12 ಅಡಿ ತ್ರಿಜ್ಯದ ವೃತ್ತದಲ್ಲಿ ಗಂಟೆಗೆ 144 ಸುತ್ತು ಬರುತ್ತದೆ, 180 ಪೌಂಡ್ ಬಲದಿಂದ ಎಳೆಯುತ್ತದೆ. ಗುಣಿಸಿದರೆ ನಿಮಿಷಕ್ಕೆ ಸುಮಾರು 32,572 ಅಡಿ-ಪೌಂಡ್. ಅದನ್ನು 33,000ಕ್ಕೆ ದುಂಡಗೆ ಮಾಡಿದ. ಇಂದಿಗೂ ಒಂದು ಎಚ್.ಪಿ. ಎಂದರೆ ಅಷ್ಟೇ.

ನಿಜವಾದ ಕುದುರೆಗೆ ದಿನವಿಡೀ ಒಂದು ಎಚ್.ಪಿ. ಕೊಡುವುದು ಕಷ್ಟ. ಆದರೆ ಕೆಲವು ಕ್ಷಣಗಳ ಮಟ್ಟಿಗೆ ಅದು ಸುಮಾರು 15 ಎಚ್.ಪಿ.ವರೆಗೂ ಹೋಗಬಲ್ಲದು ಎಂದು 1993ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಇಬ್ಬರು ವಿಜ್ಞಾನಿಗಳು ಲೆಕ್ಕ ಕೊಟ್ಟಿದ್ದರು. ಕುದುರೆಯ ಹೆಸರು ಹಬ್ಬಿಸಿದ ವ್ಯಾಟನ ಹೆಸರೇ ಕೊನೆಗೆ ಸಾಮರ್ಥ್ಯದ ಅಂತರರಾಷ್ಟ್ರೀಯ ಮಾನಕ್ಕೆ ಬಂದದ್ದು ಚರಿತ್ರೆಯ ತಮಾಷೆ.

ಬ್ಲಫ್‌ನಿಂದ ಹೊರಟ ಕುದುರೆಗಳು

ಅಶ್ವಶಕ್ತಿಯ ಮಾತಿಗೆ ನಮ್ಮ ಜಿಲ್ಲೆಯಲ್ಲಿ ದೊಡ್ಡ ಇತಿಹಾಸವಿದೆ. ಮಳವಳ್ಳಿ ತಾಲ್ಲೂಕಿನ ಶಿವನಸಮುದ್ರದಲ್ಲಿ, ಜನ ‘ಬ್ಲಫ್’ ಎಂದು ಕರೆಯುವ ಜಾಗದಲ್ಲಿ, 1902ರ ಜೂನ್ 30ರಂದು ಕಾವೇರಿಯ ನೀರು ಯಂತ್ರ ತಿರುಗಿಸಲು ತೊಡಗಿತು. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಎಂಜಿನಿಯರ್ ಡಿ ಲೋಟ್ಬಿನಿಯರ್ ರೂಪಿಸಿದ ಯೋಜನೆ ಇದು. ಅಯ್ಯರ್ 1901ರಲ್ಲೇ ತೀರಿಕೊಂಡಿದ್ದರು. ವಿದ್ಯುತ್ ಹರಿದದ್ದನ್ನು ಅವರು ನೋಡಲಿಲ್ಲ.

ಜನರೇಟರುಗಳು ಅಮೆರಿಕದ ಜನರಲ್ ಎಲೆಕ್ಟ್ರಿಕ್ ಕಂಪೆನಿಯವು, ನೀರಿನ ಚಕ್ರಗಳು ಸ್ವಿಟ್ಜರ್ಲೆಂಡಿನ ಎಷರ್ ವಿಸ್ ಕಂಪೆನಿಯವು. ಸಾವಿರಾರು ಕುದುರೆಗಳ ಕೆಲಸ ಮಾಡಬೇಕಾಗಿದ್ದ ಈ ಯಂತ್ರಗಳ ಭಾರಿ ಭಾಗಗಳನ್ನು ಬ್ಲಫ್‌ಗೆ ಎಳೆದು ತಂದದ್ದು ಎತ್ತಿನ ಗಾಡಿಗಳು ಮತ್ತು ಆನೆಗಳು!

ಮೊದಲ ಗಿರಾಕಿ ಸುಮಾರು 147 ಕಿಲೋಮೀಟರ್ ದೂರದ ಕೋಲಾರ ಚಿನ್ನದ ಗಣಿ. ಒಪ್ಪಂದ ನಡೆದದ್ದು ಯೂನಿಟ್ಟಿನ ಲೆಕ್ಕದಲ್ಲಲ್ಲ. ಸುಮಾರು 4,000 ಅಶ್ವಶಕ್ತಿ ಕೊಡುವುದು, ವರ್ಷಕ್ಕೆ ಒಂದು ಅಶ್ವಶಕ್ತಿಗೆ ಇಷ್ಟು ಎಂದು ದರ. ಗಣಿಯ ಯಂತ್ರಗಳು ಹಗಲೂ ರಾತ್ರಿಯೂ ನಡೆಯುವಂಥವು. ಎಷ್ಟು ಹೊತ್ತು ನಡೆದವು ಎಂದು ಅಳೆಯುವ ಅಗತ್ಯ ಅಷ್ಟಾಗಿ ಇರಲಿಲ್ಲ. ಎಷ್ಟು ಜೋರಾಗಿ ನಡೆದವು ಎಂಬುದೇ ಮುಖ್ಯ. ದಿನಕ್ಕೆ ಕೆಲವೇ ಗಂಟೆ ವಿದ್ಯುತ್ ಬಳಸುವ ಮನೆಗೆ ಈ ಲೆಕ್ಕ ಹೊಂದುವುದಿಲ್ಲ. ಅಲ್ಲಿ ಸಾಮರ್ಥ್ಯವನ್ನು ಹೊತ್ತಿನಿಂದ ಗುಣಿಸಬೇಕು. ಒಂದು ಕಿಲೋವ್ಯಾಟ್ ಒಂದು ಗಂಟೆ ನಡೆದರೆ ಒಂದು ಯೂನಿಟ್. ಎಚ್.ಪಿ.ಯದು ವೇಗ, ಯೂನಿಟ್ಟಿನದು ಒಟ್ಟು ಮೊತ್ತ.

ಬೇಸಿಗೆಯಲ್ಲಿ ಕಾವೇರಿ ಬಡವಾದರೆ ಬ್ಲಫ್‌ನ ಅಶ್ವಶಕ್ತಿಯೂ ಬಡವಾಗುತ್ತಿತ್ತು. 1911ರಲ್ಲಿ ಕನ್ನಂಬಾಡಿಯಲ್ಲಿ ಅಣೆಕಟ್ಟೆಯ ಕೆಲಸ ಆರಂಭಿಸಿದ್ದಕ್ಕೆ ಇದೂ ಒಂದು ಕಾರಣ. ಆರು ಯಂತ್ರಗಳಿಂದ 4,320 ಕಿಲೋವ್ಯಾಟ್, ಅಂದರೆ ಸುಮಾರು 5,800 ಎಚ್.ಪಿ.ಯೊಂದಿಗೆ ಶುರುವಾದ ಶಿವನಸಮುದ್ರ ಮುಂದೆ 42 ಮೆಗಾವ್ಯಾಟ್‌ಗೆ, ಅಂದರೆ ಸುಮಾರು 56 ಸಾವಿರ ಎಚ್.ಪಿ.ಗೆ ಬೆಳೆಯಿತು. 1940ರಲ್ಲಿ ಮಳವಳ್ಳಿ ತಾಲ್ಲೂಕಿನಲ್ಲೇ ಶಿಂಷಾ ವಿದ್ಯುದಾಗಾರವೂ ಸೇರಿಕೊಂಡಿತು. ಅದಕ್ಕೆ ಹೆಸರು ಕೊಟ್ಟ ಶಿಂಷಾ ಹೊಳೆ ಮದ್ದೂರನ್ನು ಹಾದು ಬರುವ ಹೊಳೆಯೇ.

ಇಳಿಯುವ ನೀರು, ಏರುವ ನೀರು

ಬ್ಲಫ್‌ನಲ್ಲಿ ನೀರು ಇಳಿಯುವ ಎತ್ತರ ಸುಮಾರು 400 ಅಡಿ, ಅಂದರೆ 120 ಮೀಟರ್. ಸೆಕೆಂಡಿಗೆ ಒಂದು ಲೀಟರ್ ನೀರು ಅಷ್ಟು ಇಳಿದರೆ 1,176 ವ್ಯಾಟ್, ಸುಮಾರು ಒಂದೂವರೆ ಎಚ್.ಪಿ. ಯಂತ್ರದಲ್ಲಿ ಒಂದಿಷ್ಟು ನಷ್ಟವಾಗಿ ಉಳಿದದ್ದು ತಂತಿಗೆ ಸೇರುತ್ತದೆ.

ಮದ್ದೂರಿನ ಕೊಳವೆ ಬಾವಿಯಲ್ಲಿ ನಡೆಯುವುದು ಇದರ ತಿರುಗು ಕೆಲಸ. ಇಳಿಯುವ ನೀರು ಕೊಟ್ಟದ್ದನ್ನು ಏರುವ ನೀರು ಕೇಳುತ್ತದೆ. ಸೂತ್ರ ಒಂದೇ: ಸೆಕೆಂಡಿಗೆ ಎಷ್ಟು ಲೀಟರ್, ಗುಣಿಸು ಎಷ್ಟು ಮೀಟರ್, ಗುಣಿಸು 9.8. ಬಂದದ್ದು ವ್ಯಾಟ್.

ವಿಶ್ವೇಶ್ವರಯ್ಯ ನಾಲೆಯ ನೀರು ತಾನಾಗಿ ಇಳಿದು ಬಂದು ಗದ್ದೆಗೆ ಸೇರಿದರೆ ರೈತನಿಗೆ ಒಂದು ಎಚ್.ಪಿ.ಯೂ ಬೇಡ. ಇಳಿಜಾರೇ ದುಡಿಯುತ್ತದೆ. ನಾಲೆಯ ಕೊನೆಯ ಭಾಗಕ್ಕೆ ನೀರು ಸರಿಯಾಗಿ ಮುಟ್ಟದಿದ್ದಾಗ, ಅಥವಾ ನಾಲೆಯೇ ಇಲ್ಲದ ಕಡೆ, ಲೆಕ್ಕ ಶುರುವಾಗುತ್ತದೆ.

ನೀರನ್ನು ಒಟ್ಟು 90 ಮೀಟರ್, ಅಂದರೆ 300 ಅಡಿ ಎತ್ತಬೇಕು ಎಂದಿಟ್ಟುಕೊಳ್ಳೋಣ. ಒಂದು ಲೀಟರಿಗೆ 882 ಜೂಲ್ ಬೇಕು. ಐದು ಎಚ್.ಪಿ. ಮೋಟಾರು ಸೆಕೆಂಡಿಗೆ ಕೊಡುವುದು 3,730 ಜೂಲ್. ಭಾಗಿಸಿದರೆ 4.2 ಲೀಟರ್. ಪಂಪು ಅದರಲ್ಲಿ ಅರ್ಧವನ್ನಷ್ಟೇ ನೀರಿಗೆ ಸೇರಿಸುತ್ತದೆ ಎಂದು ಹಿಡಿದರೆ ಸೆಕೆಂಡಿಗೆ 2.1 ಲೀಟರ್, ಗಂಟೆಗೆ ಸುಮಾರು 7,600 ಲೀಟರ್. ಅದೇ ಐದು ಎಚ್.ಪಿ., ತಕ್ಕ ಪಂಪು ಇದ್ದರೆ, 9 ಮೀಟರ್ ಆಳದ ತೆರೆದ ಬಾವಿಯಿಂದ ಇದರ ಹತ್ತು ಪಾಲು ನೀರು ಎತ್ತುತ್ತದೆ. 150 ಮೀಟರಿಗೆ ಇಳಿದರೆ ಗಂಟೆಗೆ ನಾಲ್ಕೂವರೆ ಸಾವಿರ ಲೀಟರಿಗೆ ಇಳಿಯುತ್ತದೆ. ಎಚ್.ಪಿ. ಒಂದೇ, ನೀರು ಬೇರೆ ಬೇರೆ.

ಈಗ ಅಂಗಡಿಯ ಪ್ರಶ್ನೆಗೆ ಬನ್ನಿ. 90 ಮೀಟರಿನ ಬಾವಿಯಲ್ಲಿ ಸೆಕೆಂಡಿಗೆ ಒಂದು ಲೀಟರ್ ಮಾತ್ರ ಊಟೆ ಇದ್ದರೆ ಬೇಕಾದದ್ದು, ಪಂಪಿನ ನಷ್ಟವನ್ನೂ ಸೇರಿಸಿ, ಎರಡೂವರೆ ಎಚ್.ಪಿ.ಗಿಂತ ಕಡಿಮೆ. ಮೂರು ಎಚ್.ಪಿ. ಸಾಕು. ಅಲ್ಲಿ ಏಳೂವರೆ ಇಳಿಸಿದರೆ ಇರುವ ನೀರನ್ನು ಬೇಗ ಹೀರಿ ಬರಿದೇ ಓಡುತ್ತದೆ. ಸಬ್‌ಮರ್ಸಿಬಲ್ ಮೋಟಾರನ್ನು ತಂಪಾಗಿಡುವುದು ಸುತ್ತಲಿನ ನೀರು. ಅದೇ ಇಲ್ಲದಿದ್ದರೆ ವೈಂಡಿಂಗ್ ಸುಡುತ್ತದೆ. ಎಚ್.ಪಿ. ಹೆಚ್ಚಿಸಿದರೆ ಭೂಮಿಯಲ್ಲಿ ನೀರು ಹೆಚ್ಚುವುದಿಲ್ಲ. ಆದ್ದರಿಂದ ಮೋಟಾರು ಕೊಳ್ಳುವ ಮುನ್ನ ಬಾವಿಯ ಇಳುವರಿ ಮತ್ತು ನೀರಿನ ಮಟ್ಟ ಎರಡನ್ನೂ ಅಳೆಸುವುದು ಲಾಭದ ಕೆಲಸ.

ಫಲಕದ ಮೇಲೆ ಏನಿದೆ?

ಮೋಟಾರಿನ ಮೈಮೇಲಿನ ಲೋಹದ ಫಲಕವನ್ನು ಒಮ್ಮೆ ಓದಿ. 3.7 ಕಿಲೋವ್ಯಾಟ್ ಎಂದಿದ್ದರೆ ಅದೇ 5 ಎಚ್.ಪಿ. 5.5 ಎಂದಿದ್ದರೆ ಏಳೂವರೆ, 7.5 ಎಂದಿದ್ದರೆ ಹತ್ತು. ಕಿಲೋವ್ಯಾಟಿನ 7.5ನ್ನು ಎಚ್.ಪಿ.ಯ ಏಳೂವರೆ ಎಂದು ಓದಿಬಿಡುವುದು ಸುಲಭ, ಎಚ್ಚರವಿರಲಿ!

ಇನ್ನೊಂದು ಸಂಗತಿ. ಫಲಕದ ಎಚ್.ಪಿ. ಎಂಬುದು ಮೋಟಾರು ತನ್ನ ಕಂಬಿಯ ಮೂಲಕ ಕೊಡುವ ಸಾಮರ್ಥ್ಯ. ತಂತಿಯಿಂದ ಅದು ಎಳೆದುಕೊಳ್ಳುವುದು ಇನ್ನೂ ಹೆಚ್ಚು. ದಕ್ಷತೆ ಶೇಕಡಾ 80 ಇದ್ದರೆ 5 ಎಚ್.ಪಿ. ಕೊಡಲು 4.66 ಕಿಲೋವ್ಯಾಟ್ ಬೇಕು. ಆರು ಗಂಟೆ ಓಡಿದರೆ ಸುಮಾರು 28 ಯೂನಿಟ್.

ಹತ್ತು ಎಚ್.ಪಿ.ವರೆಗಿನ ನೀರಾವರಿ ಪಂಪ್‌ಸೆಟ್‌ಗೆ ರಾಜ್ಯದಲ್ಲಿ ವಿದ್ಯುತ್ ಉಚಿತ, ಯೂನಿಟ್ಟಿನ ಚಿಂತೆ ನಮಗೇಕೆ ಎನ್ನುವವರುಂಟು. ಚಿಂತೆ ಮಾಡಬೇಕಾದದ್ದು ಟ್ರಾನ್ಸ್‌ಫಾರ್ಮರ್. ಅದರ ಮೈಮೇಲೆ 25 ಕೆವಿಎ ಎಂದು ಬರೆದಿದೆ ಎನ್ನಿ. ಪೂರ್ತಿ ಹೊರೆಯಲ್ಲಿ ಓಡುವ 5 ಎಚ್.ಪಿ. ಮೋಟಾರು ಸುಮಾರು 6 ಕೆವಿಎ ಬೇಡುತ್ತದೆ. ನಾಲ್ಕು ಮೋಟಾರಿಗೆ 24. ಹೊರೆ ಸರಿಯಾಗಿದೆ. ನಾಲ್ವರೂ ದಾಖಲೆಯಲ್ಲಿ ಐದು ಎಂದು ಬರೆಸಿ ಬಾವಿಗೆ ಏಳೂವರೆ ಇಳಿಸಿದ್ದರೆ? ಒಬ್ಬೊಬ್ಬರದು ಸುಮಾರು 9, ಒಟ್ಟು 36. ಟ್ರಾನ್ಸ್‌ಫಾರ್ಮರ್ ಕಾಯುತ್ತದೆ, ವೋಲ್ಟೇಜ್ ಇಳಿಯುತ್ತದೆ, ಒಂದು ದಿನ ಸುಟ್ಟುಹೋಗುತ್ತದೆ. ಅದು ಬದಲಾಗುವವರೆಗೆ ನಾಲ್ವರ ಕಬ್ಬೂ ಒಣಗುತ್ತದೆ.

ನೀರು ಹೆಚ್ಚಿಸಲು ಬೇರೆ ದಾರಿಯಿದೆ. ಪಂಪಿನ ದಕ್ಷತೆ ಹೆಚ್ಚಿಸುವುದು. ಮಂಡ್ಯ ಜಿಲ್ಲೆಯಲ್ಲಿ 2010ರ ದಶಕದಲ್ಲಿ ಹಳೆಯ ಪಂಪ್‌ಸೆಟ್ ತೆಗೆದು ದಕ್ಷ ಪಂಪ್‌ಸೆಟ್ ಕೂರಿಸುವ ಪ್ರಾಯೋಗಿಕ ಯೋಜನೆ ನಡೆದದ್ದು ಈ ಉದ್ದೇಶದಿಂದಲೇ. ಕಡಿಮೆ ವಿದ್ಯುತ್ತಿನಲ್ಲಿ ಅಷ್ಟೇ ನೀರು ಬಂದರೆ ಟ್ರಾನ್ಸ್‌ಫಾರ್ಮರಿಗೂ ಉಸಿರು.

ಟ್ರ್ಯಾಕ್ಟರಿನ ಗುಟ್ಟು

ಎಚ್.ಪಿ. ಹೆಚ್ಚಿದ್ದರೆ ಎಳೆತ ಹೆಚ್ಚು ಎಂಬ ಭಾವನೆಯೂ ಪೂರ್ತಿ ಸರಿಯಲ್ಲ. ಸಾಮರ್ಥ್ಯವೆಂದರೆ ಬಲ ಮತ್ತು ವೇಗದ ಗುಣಲಬ್ಧ. ಕೆಸರುಗದ್ದೆಯಲ್ಲಿ ಚಾಲಕ ಕೆಳಗಿನ ಗೇರಿಗೆ ಬಂದಾಗ ಎಂಜಿನಿನ ಎಚ್.ಪಿ. ಹೆಚ್ಚುವುದಿಲ್ಲ. ವೇಗವನ್ನು ಕೊಟ್ಟು ಬಲವನ್ನು ಪಡೆಯುತ್ತಾನೆ, ಅಷ್ಟೆ. 45 ಎಚ್.ಪಿ. ಟ್ರ್ಯಾಕ್ಟರು ನಿಧಾನವಾಗಿ ಎಳೆಯುವ ಹೊರೆಯನ್ನು ಅದಕ್ಕಿಂತ ಹೆಚ್ಚು ಎಚ್.ಪಿ.ಯ ಕಾರು ಎಳೆಯಲಾರದೆ ಚಕ್ರ ತಿರುಗಿಸುತ್ತ ನಿಲ್ಲಬಹುದು. ಬೈಕು, ಕಾರುಗಳ ಜಾಹೀರಾತಿನಲ್ಲಿ ಕಾಣುವ ‘ಪಿ.ಎಸ್.’ ಕೂಡ ಕುದುರೆಯೇ, ಜರ್ಮನ್ ಭಾಷೆಯದು. ಅದರ ಬೆಲೆ 735.5 ವ್ಯಾಟ್, ನಮ್ಮ ಎಚ್.ಪಿ.ಗಿಂತ ತುಸು ಚಿಕ್ಕದು.

ನೀವೇ ಅಳೆಯಿರಿ

ವಿದ್ಯಾರ್ಥಿಗಳು ತಮ್ಮ ಅಶ್ವಶಕ್ತಿಯನ್ನು ಮನೆಯಲ್ಲೇ ಅಳೆಯಬಹುದು. ಬೇಕಾದದ್ದು ಮೆಟ್ಟಿಲು, ಅಳತೆ ಪಟ್ಟಿ, ಸೆಕೆಂಡು ತೋರಿಸುವ ಗಡಿಯಾರ. ಒಂದು ಮೆಟ್ಟಿಲಿನ ಎತ್ತರವನ್ನು ಮೆಟ್ಟಿಲುಗಳ ಸಂಖ್ಯೆಯಿಂದ ಗುಣಿಸಿ ಒಟ್ಟು ಎತ್ತರ ಪಡೆಯಿರಿ. ನಿಮ್ಮ ತೂಕ 50 ಕಿಲೋ, ಎತ್ತರ 3 ಮೀಟರ್, ಹತ್ತಲು ಹಿಡಿದದ್ದು 5 ಸೆಕೆಂಡು ಎಂದಾದರೆ, 50 ಗುಣಿಸು 9.8 ಗುಣಿಸು 3, ಭಾಗಿಸು 5. ಬಂದದ್ದು 294 ವ್ಯಾಟ್. 746ರಿಂದ ಭಾಗಿಸಿದರೆ 0.39 ಎಚ್.ಪಿ. ನಿಧಾನವಾಗಿ ಹತ್ತಿ ಮತ್ತೆ ಅಳೆಯಿರಿ. ಕೆಲಸ ಬದಲಾಗಿಲ್ಲ, ಎಚ್.ಪಿ. ಇಳಿದಿದೆ. ಓಡುವಾಗ ಜಾರದಂತೆ ನೋಡಿಕೊಳ್ಳಿ, ಅಜ್ಜ ಅಜ್ಜಿಯರನ್ನು ಈ ಪ್ರಯೋಗಕ್ಕೆ ಸೇರಿಸಬೇಡಿ.

ಮುಂದಿನ ಸಲ ಅಪ್ಪ ಮೋಟಾರು ಅಂಗಡಿಗೆ ಹೊರಟರೆ ಕೈಗೆ ಒಂದು ಚೀಟಿ ಕೊಡಿ. ಅದರಲ್ಲಿ ಮೂರು ಸಂಖ್ಯೆ ಇರಲಿ: ಬಾವಿಯಲ್ಲಿ ಸೆಕೆಂಡಿಗೆ ಎಷ್ಟು ಲೀಟರ್ ನೀರಿದೆ, ಎಷ್ಟು ಮೀಟರ್ ಎತ್ತಬೇಕು, ಎರಡನ್ನೂ 9.8ರೊಂದಿಗೆ ಗುಣಿಸಿ ದ್ವಿಗುಣ ಮಾಡಿ 746ರಿಂದ ಭಾಗಿಸಿದರೆ ಎಷ್ಟು. ಐದು ಸಾಕೋ ಏಳೂವರೆ ಬೇಕೋ ಎಂಬುದನ್ನು ಆ ಮೂರನೆಯ ಸಂಖ್ಯೆ ಹೇಳುತ್ತದೆ.