ದುರ್ಗದ ಕಲ್ಲು, ದುರ್ಗದ ನೀರು

ಊರನ್ನು ನೋಡುವುದರಲ್ಲಿ ಎರಡು ಬಗೆ. ತಾನಾಗಿಯೇ ಅಲೆದಾಡಿ ನೋಡುವುದು ಒಂದು. ಬಲ್ಲವನೊಬ್ಬನನ್ನು ಮುಂದೆ ಬಿಟ್ಟುಕೊಂಡು, ಅವನ ಬೆನ್ನ ಹಿಂದೆ ಹೆಜ್ಜೆ ಹಾಕುತ್ತ ನೋಡುವುದು ಮತ್ತೊಂದು. ಮೊದಲನೆಯದಕ್ಕೆ ಕಾಲಲ್ಲಿ ಕಸುವಿದ್ದರೆ ಸಾಕು. ಎರಡನೆಯದಕ್ಕೆ, ತನಗೆ ತಿಳಿಯದುದೂ ಉಂಟೆಂದು ಒಪ್ಪಿಕೊಳ್ಳುವ ಮನಸ್ಸು ಬೇಕು. ಮೂವತ್ತು ವರ್ಷ ಶಾಲೆಯಲ್ಲಿ ಚರಿತ್ರೆಯ ಪಾಠ ಹೇಳಿದವನಿಗೆ ಆ ಮನಸ್ಸು ಸುಲಭವಾಗಿ ಬರುವಂಥದಲ್ಲ. ನನಗೆ ಅದು ಬಂದದ್ದು ತೀರ ಈಚೆಗೆ. ಅದೂ ಒಬ್ಬ ಹಳೆಯ ಶಿಷ್ಯನ ಕಾಗದದಿಂದ.

ಹೊಳಲ್ಕೆರೆಯ ಕಡೆಯ ಆ ಹುಡುಗ ಈಗ ಹಡಗಿನಲ್ಲಿ ಕೆಲಸ ಮಾಡುತ್ತಾನೆ. ನಡುವಯಸ್ಸಾದರೂ ನನ್ನ ಪಾಲಿಗೆ ಇನ್ನೂ ಹುಡುಗನೇ. ಇಟಲಿಯ ಜಿನೋವಾ ಬಂದರಿನಲ್ಲಿ ಹಡಗು ನಿಂತಾಗ, ತನ್ನೊಬ್ಬನಿಗಾಗಿಯೇ ಒಬ್ಬ ಗೈಡನ್ನು ಗೊತ್ತುಮಾಡಿಕೊಂಡು ಹಳೆಯ ಊರನ್ನೆಲ್ಲ ಕಾಲ್ನಡಿಗೆಯಲ್ಲಿ ನೋಡಿದನಂತೆ. ಬಂದರಿನಿಂದ ಮೇಲೇರುವ ಇಕ್ಕಟ್ಟಾದ ಓಣಿಗಳು, 1543ರಲ್ಲಿ ಕಟ್ಟಿದ್ದು ಇಂದಿಗೂ ಹಡಗುಗಳಿಗೆ ಬೆಳಕು ತೋರುತ್ತಿರುವ ಲಾಂತೆರ್ನಾ ಎಂಬ ದೀಪಗೋಪುರ, ಎಲ್ಲವನ್ನೂ ಬಣ್ಣಿಸಿ ಬರೆದಿದ್ದ. ಕೊನೆಗೆ ಒಂದು ಸಾಲು: “ಆ ಮುದುಕ ತಾರೀಖುಗಳನ್ನು ಹೆಚ್ಚಾಗಿ ಹೇಳಲಿಲ್ಲ ಮೇಷ್ಟ್ರೇ, ಆದರೂ ಊರು ಅರ್ಥವಾಯಿತು. ನಮ್ಮ ದುರ್ಗವನ್ನು ನಿಮಗೆ ಯಾರಾದರೂ ಹೀಗೆ ತೋರಿಸಿದ್ದಾರೆಯೇ?”

ಇಟಲಿಯಲ್ಲಿ ಇಂಥ ಮಾರ್ಗದರ್ಶಕನಿಗೆ ‘ಚಿಚೆರೋನೆ’ ಎಂಬ ಹೆಸರುಂಟು. ರೋಮಿನ ಮಹಾವಾಗ್ಮಿ ಸಿಸೆರೋನ ಹೆಸರೇ ಹೀಗೆ ಮಾರ್ಪಟ್ಟು, ಪ್ರವಾಸಿಗಳ ಮುಂದೆ ಎಡೆಬಿಡದೆ ಮಾತನಾಡುವವರಿಗೆಲ್ಲ ಅಂಟಿಕೊಂಡಿತು. ಹೆಸರಿನಲ್ಲಿ ಗೌರವವೂ ಇದೆ, ತುಸು ನಗೆಯೂ ಇದೆ. ನಮ್ಮ ಗೈಡುಗಳ ಬಗ್ಗೆ ನನ್ನಲ್ಲಿದ್ದದ್ದು ಬರಿಯ ನಗೆ ಮಾತ್ರ. ಎಷ್ಟೋ ಸಲ ಹುಡುಗರ ಹಿಂಡನ್ನು ಕಟ್ಟಿಕೊಂಡು ದುರ್ಗದ ಬೆಟ್ಟ ಹತ್ತಿದ್ದೇನೆ. ಒಮ್ಮೆಯೂ ಗೈಡನ್ನು ಕರೆದವನಲ್ಲ. ನಾನಿರುವಾಗ ಅವನೇಕೆ ಎಂಬ ಭಾವ.

ಕಾರ್ತಿಕ ಮಾಸದ ಒಂದು ಬೆಳಗ್ಗೆ ಹೊಸದುರ್ಗದಿಂದ ಮೊದಲ ಬಸ್ಸು ಹಿಡಿದು, ಹೊಳಲ್ಕೆರೆಯ ಮೇಲೆ ಹಾದು, ಚಿತ್ರದುರ್ಗದಲ್ಲಿ ಇಳಿದೆ. ಕೋಟೆಯ ಬಾಗಿಲಲ್ಲಿ ಟಿಕೆಟ್ಟು ಕೊಂಡು, ಅಲ್ಲಿಯೇ ನಿಂತಿದ್ದ ಗೈಡೊಬ್ಬರನ್ನು ಮಾತನಾಡಿಸಿದೆ. ಐವತ್ತು ದಾಟಿದ ವಯಸ್ಸು. ಕಂಕುಳಲ್ಲಿ ಒಂದು ಕೊಡೆ. “ಎಷ್ಟು ಜನ ಸಾರ್?” ಎಂದರು. ನಾನೊಬ್ಬನೇ ಎಂದೆ. “ಒಬ್ಬರಿಗೆ ತೋರಿಸೋದು ಕಷ್ಟ ಸಾರ್. ಗುಂಪಾದರೆ ಕಥೆ ಹೇಳಿ ಮುಗಿಸಬಹುದು. ಒಬ್ಬರೇ ಆದರೆ ಪ್ರಶ್ನೆ ಕೇಳ್ತಾರೆ” ಎಂದು ನಕ್ಕರು. ಕೂಲಿ ಮಾತಾಯಿತು. ಹೊರಟೆವು.

ಏಳು ಸುತ್ತಿನ ಕೋಟೆಯ ಲೆಕ್ಕವನ್ನು ದುರ್ಗದ ಗೈಡುಗಳೆಲ್ಲರೂ ಬಾಯಿಪಾಠ ಮಾಡಿರುತ್ತಾರೆ: 19 ಹೆಬ್ಬಾಗಿಲು, 38 ದಿಡ್ಡಿ ಬಾಗಿಲು, 35 ಕಳ್ಳಗಂಡಿ, 4 ಗುಪ್ತದ್ವಾರ. ಇವರೂ ಅದನ್ನು ಒಂದೇ ಉಸಿರಿನಲ್ಲಿ ಒಪ್ಪಿಸಿದರು. ಆದರೆ ಅನಂತರ ಬಾಗಿಲಿನಿಂದ ಬಾಗಿಲಿಗೆ ನನ್ನನ್ನು ನಡೆಸಿದ ಕ್ರಮ ಬೇರೆಯಾಗಿತ್ತು. ಮೊದಲ ಬಾಗಿಲು ದಾಟಿದೊಡನೆ ನಿಲ್ಲಿಸಿ, “ಈಗ ಎರಡನೆಯ ಬಾಗಿಲು ತೋರಿಸಿ” ಎಂದರು. ಕಾಣಲಿಲ್ಲ. ದಾರಿ ಗೋಡೆಯನ್ನು ಒರಸಿಕೊಂಡು ಹೊರಳಿತ್ತು; ಹೊರಳಿದ ಮೇಲೆ ಮತ್ತೊಂದು ಗೋಡೆ. ಆನೆಗೆ ಓಡಿಬಂದು ಕದಕ್ಕೆ ಗುದ್ದಲು ಎಡೆಯಿಲ್ಲ. ನುಗ್ಗಿಬಂದ ದಂಡಿಗೆ ಮುಂದೇನಿದೆಯೆಂದು ತಿಳಿಯುವಂತಿಲ್ಲ. ಇದನ್ನು ನಾನು ಓದಿದ್ದೆ, ಬರೆಸಿದ್ದೆ. ನನ್ನ ಮೈಯೇ ಆ ತಿರುವಿನಲ್ಲಿ ಕಕ್ಕಾಬಿಕ್ಕಿಯಾದದ್ದು ಮಾತ್ರ ಅಂದೇ ಮೊದಲು.

ಮದ್ದು ಅರೆಯುತ್ತಿದ್ದ ದೊಡ್ಡ ಬೀಸುವ ಕಲ್ಲುಗಳನ್ನು ಕಂಡೆವು. ಬಂಡೆಗಳಲ್ಲಿ ಸಾಲಾಗಿ ಕೊರೆದ ಉಳಿಯ ಕುಳಿಗಳನ್ನು ಅವರು ಕೊಡೆಯ ತುದಿಯಿಂದ ಮುಟ್ಟಿ ಮುಟ್ಟಿ ತೋರಿಸಿದರು. ಸೀಳಬೇಕೆಂದು ಗುರುತು ಮಾಡಿ, ಸೀಳದೆ ಬಿಟ್ಟ ಬಂಡೆಗಳೂ ಇವೆ. ಆ ಕುಳಿಗಳಲ್ಲಿ ರಾತ್ರಿಯ ಮಳೆಯ ನೀರು ನಿಂತು, ಒಂದೊಂದರಲ್ಲೂ ಒಂದು ಚೂರು ಆಕಾಶ ಕಾಣುತ್ತಿತ್ತು. ಏಕನಾಥೇಶ್ವರಿಯ ಗುಡಿ, ಹಿಡಿಂಬೇಶ್ವರ, ಸಂಪಿಗೆ ಸಿದ್ಧೇಶ್ವರ, ಕಲ್ಲಿನ ಉಯ್ಯಾಲೆ ಕಂಬ ಎಲ್ಲವನ್ನೂ ದಾಟಿದೆವು. ಭೀಮನು ಹಿಡಿಂಬನನ್ನು ಕೊಂದದ್ದು ಇಲ್ಲಿಯೇ ಎಂಬ ಐತಿಹ್ಯವನ್ನು ಅವರು ಐತಿಹ್ಯದ ದನಿಯಲ್ಲಿಯೇ ಹೇಳಿದರು. “ಹೇಳ್ತಾರೆ” ಎಂಬ ಒಂದು ಮಾತನ್ನು ಪ್ರತಿ ಕಥೆಯ ಕೊನೆಗೂ ಮರೆಯದೆ ಸೇರಿಸುತ್ತಿದ್ದರು. ಎಷ್ಟೋ ಪುಸ್ತಕಗಳಿಗೆ ಇಲ್ಲದ ಎಚ್ಚರ ಅದು.

ಹಳೆಯ ಅರಮನೆಯ ನೆಲೆಯಲ್ಲಿ, ಮಳೆಗಾಳಿಗೆ ಮೈಯೊಡ್ಡಿ ಇನ್ನೂ ನಿಂತಿರುವ ಮಣ್ಣಿನ ಗೋಡೆಗಳ ಬಳಿ, ನನ್ನ ಮೇಷ್ಟರತನ ತಲೆಯೆತ್ತಿತು. ಹೈದರಾಲಿ ಕೋಟೆ ಹಿಡಿದದ್ದು 1777ರಲ್ಲಿ ಎಂದು ಅವರೆಂದರು. ನಾನು ತಡೆದೆ. ಆ ವರ್ಷ ಮುತ್ತಿಗೆಯಾಯಿತು. ಕೋಟೆ ಬಿದ್ದದ್ದು 1779ರಲ್ಲಿ. ಕಡೆಯ ಮದಕರಿ ನಾಯಕ ಸೆರೆಯಾಗಿ ಶ್ರೀರಂಗಪಟ್ಟಣಕ್ಕೆ ಹೋದದ್ದು ಆಗ ಎಂದೆ. ಎಂ. ಎಸ್. ಪುಟ್ಟಣ್ಣನವರು, ಹುಲ್ಲೂರು ಶ್ರೀನಿವಾಸ ಜೋಯಿಸರು ದುರ್ಗದ ಚರಿತ್ರೆಗಾಗಿ ಪಟ್ಟ ಶ್ರಮವನ್ನೂ, ತ. ರಾ. ಸು. ಅವರ ‘ದುರ್ಗಾಸ್ತಮಾನ’ಕ್ಕೆ 1985ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದುದನ್ನೂ ಜೊತೆಗೆ ಸೇರಿಸಿದೆ. ಅವರು ಪೂರ್ತಿಯಾಗಿ ಕೇಳಿದರು.

“ಮೇಷ್ಟ್ರು ಅಂತ ಮೊದಲೇ ಹೇಳಬಾರದಿತ್ತೇನ್ರಿ? ಎಪ್ಪತ್ತೊಂಬತ್ತೇ ಸರಿ, ಇನ್ನು ಮೇಲೆ ಹಾಗೇ ಹೇಳ್ತೀನಿ. ಆದರೆ ನನ್ನದೊಂದು ಪ್ರಶ್ನೆ. ಅಷ್ಟು ವರ್ಷ ಕೋಟೆಯೊಳಗೆ ಜನ, ಕುದುರೆ, ಆನೆ. ಸುತ್ತ ದಂಡು. ಅವರೆಲ್ಲ ಕುಡಿದದ್ದೇನು?”

ನಾನು ಮಾತನಾಡಲಿಲ್ಲ. ಹೊಂಡಗಳ ಹೆಸರು ನನಗೆ ಗೊತ್ತಿತ್ತು. ಪಾಠದ ಕೊನೆಯಲ್ಲಿ, ಗಂಟೆ ಹೊಡೆಯುವ ಮೊದಲು, ‘ಕೋಟೆಯಲ್ಲಿ ಅನೇಕ ಹೊಂಡಗಳಿವೆ’ ಎಂಬ ಒಂದು ವಾಕ್ಯವನ್ನು ಬರೆಸುತ್ತಿದ್ದೆ. ಅಷ್ಟಕ್ಕೇ ಮುಗಿಯುತ್ತಿತ್ತು.

“ಬರ್ರಿ” ಎಂದು ಅವರು ಮುಂದೆ ನಡೆದರು. ಅಲ್ಲಿಂದಾಚೆಗೆ ನಾವು ನೋಡಿದ್ದು ಕಲ್ಲಿನ ಕೋಟೆಯನ್ನಲ್ಲ. ನೀರು ನಡೆದ ದಾರಿಯನ್ನು. ಬಂಡೆಗಳ ಮೇಲೆ ಬಿದ್ದ ಮಳೆ ಇಳಿಜಾರು ಹಿಡಿದು ಗೋಪಾಲಸ್ವಾಮಿ ಹೊಂಡಕ್ಕೆ ಸೇರುತ್ತದೆ. ಅದು ತುಂಬಿದರೆ ಹೆಚ್ಚಿನ ನೀರು ವ್ಯರ್ಥವಾಗದು. ಕೆಳಗಿನ ಅಕ್ಕ ತಂಗಿ ಹೊಂಡಕ್ಕೆ ಇಳಿಯುತ್ತದೆ. ಅಲ್ಲಿಂದ ಇನ್ನೂ ಕೆಳಗೆ, ಸಿಹಿನೀರು ಹೊಂಡ, ಸಂತೆ ಹೊಂಡಗಳ ಕಡೆಗೆ. ಮೇಲಿನವನು ಕುಡಿದು ಉಳಿದದ್ದು ಕೆಳಗಿನವನಿಗೆ. ಬೆಟ್ಟದ ಮೇಲಣ ಕೋಟೆಗೂ ತಪ್ಪಲಿನ ಪೇಟೆಗೂ ಒಂದೇ ನೀರಿನ ನಂಟು. ಕೋಟೆ ಸೋತಾಗ ನಾಯಕನ ಇಬ್ಬರು ರಾಣಿಯರು ಅಕ್ಕ ತಂಗಿ ಹೊಂಡಕ್ಕೆ ಹಾರಿ ಪ್ರಾಣಬಿಟ್ಟರೆಂಬ ಕಥೆಯನ್ನು ಅವರು ಮೆಲ್ಲಗೆ ಹೇಳಿದರು. “ಹೇಳ್ತಾರೆ” ಎಂದು ಸೇರಿಸಿ, ಸ್ವಲ್ಪ ಹೊತ್ತು ನೀರನ್ನೇ ನೋಡುತ್ತ ನಿಂತರು.

ನಮ್ಮ ಸೀಮೆಯನ್ನು ಬಲ್ಲವರಿಗೆ ಇದು ಸಣ್ಣ ಮಾತಲ್ಲ. ಹೊಸದುರ್ಗ, ಹಿರಿಯೂರುಗಳ ಬಯಲಿನಲ್ಲಿ ಮೋಡವನ್ನು ನೆಂಟನಂತೆ ಕಾಯುತ್ತೇವೆ. ಅದು ನೆಂಟನಂತೆಯೇ ಬಾರದೆ ಹೋಗುವುದೂ ಉಂಟು. ಹಿರಿಯೂರಿನ ಬಳಿ ಮಾರಿಕಣಿವೆಯಲ್ಲಿ ವೇದಾವತಿಗೆ ಅಡ್ಡಲಾಗಿ ವಾಣಿವಿಲಾಸ ಸಾಗರವನ್ನು ಕಟ್ಟಿ ಮುಗಿಸಿದ್ದು 1907ರಲ್ಲಿ. ಅದು 1933ರಲ್ಲಿ ಒಮ್ಮೆ ಕೋಡಿ ಬಿದ್ದಿತು. ಮತ್ತೆ ಕೋಡಿ ಬೀಳುವುದಕ್ಕೆ 2022ರ ಸೆಪ್ಟೆಂಬರ್ ಬರಬೇಕಾಯಿತು. ನಡುವೆ 89 ವರ್ಷ. ಅಂದು ನೋಡಲು ಹೋದ ಜನರ ನಡುವೆ ನಾನೂ ಇದ್ದೆ. ನನ್ನ ಪಕ್ಕದಲ್ಲಿ ನಿಂತಿದ್ದ ಮುದುಕಿಯೊಬ್ಬಳು ಹರಿಯುವ ನೀರಿಗೆ ಅರಿಸಿನ ಕುಂಕುಮ ಬಿಟ್ಟು, “ಕಂಡೆನಲ್ಲವ್ವಾ” ಎಂದು ಕೈಮುಗಿದಳು. ಇಂಥ ಸೀಮೆಯಲ್ಲಿ, ಬೋಳುಬಂಡೆಯ ಮೇಲೆ ಬಿದ್ದ ಹನಿಯನ್ನು ಹಿಡಿದು, ಮೆಟ್ಟಿಲು ಮೆಟ್ಟಿಲಾಗಿ ಇಳಿಸಿ, ವರ್ಷವಿಡೀ ಉಳಿಸಿಕೊಂಡವರ ಕೆಲಸ ಕತ್ತಿ ಹಿಡಿದವರ ಕೆಲಸಕ್ಕಿಂತ ಕಡಿಮೆಯದೇನಲ್ಲ. ಕಲ್ಲು ಶತ್ರುವನ್ನು ತಡೆಯಿತು, ನಿಜ. ಒಳಗಿದ್ದವರನ್ನು ಬದುಕಿಸಿದ್ದು ನೀರು.

ಕಡೆಗೆ ತಣ್ಣೀರು ದೋಣಿಗೆ ಬಂದೆವು. ಬಂಡೆಗಳ ಮರೆಯಲ್ಲಿ ಒಂದು ಸಣ್ಣ ನೀರಿನ ತಾಣ. ಸನಿಹದಲ್ಲಿಯೇ ಓಬವ್ವನ ಕಿಂಡಿ.

ಕಥೆ ಕನ್ನಡಿಗರಿಗೆಲ್ಲ ಗೊತ್ತು. 1972ರ ‘ನಾಗರಹಾವು’ ಚಿತ್ರವಂತೂ ಅದನ್ನು ಮನೆಮನೆಗೂ ಮುಟ್ಟಿಸಿತು. 2021ರಿಂದ ನವೆಂಬರ್ 11ರಂದು ಸರ್ಕಾರವೇ ಒನಕೆ ಓಬವ್ವನ ಜಯಂತಿಯನ್ನು ನಡೆಸುತ್ತಿದೆ. ನಾನೂ ಪ್ರತಿ ವರ್ಷ ಆ ಪಾಠವನ್ನು ಆವೇಶದಿಂದ ಹೇಳಿದವನೇ. ಓಬವ್ವ ಹೈದರನ ಸೈನಿಕರನ್ನು ಹೇಗೆ ಕೊಂದಳು ಎಂಬುದು ನನ್ನ ಪರೀಕ್ಷೆಯ ಕಾಯಂ ಪ್ರಶ್ನೆ.

“ಒಳಗಿಂದ ಬರ್ರಿ ಮೇಷ್ಟ್ರೇ” ಎಂದರು ಗೈಡು. ಕೊಡೆಯನ್ನು ಬಂಡೆಗೆ ಒರಗಿಸಿ, ತಾವು ಈಚೆ ನಿಂತರು. ನಾನು ಆಚೆ ಬದಿಯಿಂದ ಆ ಇರುಕಿನಲ್ಲಿ ತೂರಿದೆ. ಮೊದಲು ಬಗ್ಗಬೇಕು, ಭುಜವನ್ನು ಓರೆ ಮಾಡಬೇಕು, ತಲೆಯನ್ನು ಮುಂದೆ ಚಾಚದೆ ಹೊರಬರುವಂತಿಲ್ಲ. ತಲೆ ಈಚೆಗೆ ಬಂದು, ಮೈ ಇನ್ನೂ ಕಲ್ಲಿನೊಳಗೇ ಇದ್ದ ಒಂದು ಗಳಿಗೆ ಮೇಲೆ ನೋಡಿದೆ. ಅವರು ಸುಮ್ಮನೆ ನಿಂತಿದ್ದರು. ಒಬ್ಬ ಹೆಂಗಸು, ಒಂದು ಒನಕೆ, ಅಷ್ಟೇ ಸಾಕೆಂಬುದು ಆ ಗಳಿಗೆಯಲ್ಲಿ ತಿಳಿಯಿತು. ಬಾಯಿಂದ ಬಾಯಿಗೆ ಬಂದ ಕಥೆ ಶಾಸನವಾಗಲಾರದು. ಆದರೆ ಕಟ್ಟಿದವರು ಆ ಕಿಂಡಿಯ ಅಳತೆಯನ್ನು ಚೆನ್ನಾಗಿ ಬಲ್ಲವರು ಎಂದು ನನ್ನ ಕುತ್ತಿಗೆ ಸಾಕ್ಷಿ ಹೇಳುತ್ತಿತ್ತು.

ಹೊರಗೆ ಬಂದು ಅಂಗಿಯ ಧೂಳು ಕೊಡವಿಕೊಳ್ಳುತ್ತಿದ್ದಾಗ ಅವರು ಕೇಳಿದರು: “ಆಕೆ ಇಲ್ಲಿಗೆ ಯಾಕೆ ಬಂದಿದ್ದಳು, ಹೇಳಿ.”

ನನಗೆ ಗೊತ್ತಿತ್ತು. ಕಾವಲಿನ ಗಂಡ ಊಟಕ್ಕೆ ಕುಳಿತಿದ್ದ. ಅವನಿಗಾಗಿ ನೀರು ತರಲು ಬಂದಿದ್ದಳು. ಕಥೆಯಲ್ಲಿ ಆ ಮಾತು ಸದಾ ಇತ್ತು. ಮೂವತ್ತು ವರ್ಷ ನಾನೇ ಅದನ್ನು ಓದಿ ದಾಟಿದ್ದೆ. ಹುಡುಗರಿಗೆ ಒಮ್ಮೆಯೂ ಕೇಳಿರಲಿಲ್ಲ. ಅವರಲ್ಲಿ ಎಷ್ಟೋ ಮಂದಿಯ ತಾಯಂದಿರು ಆ ಹೊತ್ತಿಗೆ ಯಾವುದೋ ಬಾವಿಯ ಬಳಿ ಕೊಡ ಹಿಡಿದು ನಿಂತಿರುತ್ತಿದ್ದರು. ನನ್ನ ತಾಯಿಯೂ ಹಾಗೆಯೇ, ಬೆಳಗಿನ ಜಾವಕ್ಕೆ ಎದ್ದು, ಊರಾಚೆಯ ಬಾವಿಯಿಂದ ತಲೆಯ ಮೇಲೊಂದು, ಸೊಂಟದಲ್ಲೊಂದು ಕೊಡ ಹೊತ್ತು ತರುತ್ತಿದ್ದಳು. ಓಬವ್ವ ವೀರಳಾದದ್ದು ಒಂದು ಮಧ್ಯಾಹ್ನ. ಅದಕ್ಕೆ ಮೊದಲು ಎಷ್ಟು ಸಾವಿರ ಸಲ ಆ ದಾರಿಯಲ್ಲಿ ಕೊಡ ಹೊತ್ತು ನಡೆದಿದ್ದಳೋ! ನೀರಿನ ದಾರಿ ಅವಳಿಗೆ ಅಷ್ಟು ಪರಿಚಿತವಾದುದರಿಂದಲೇ ಅಲ್ಲವೆ, ಅಲ್ಲಿ ಕೇಳಬಾರದ ಸದ್ದು ಅವಳ ಕಿವಿಗೆ ಬಿದ್ದದ್ದು?

ಇಳಿಯುವಾಗ ನಾನು ಹೆಚ್ಚು ಮಾತನಾಡಲಿಲ್ಲ. ದೂರದ ಜೋಗಿಮಟ್ಟಿಯ ಕಡೆಯ ಗುಡ್ಡಗಳ ಮೇಲೆ ಗಾಳಿಯಂತ್ರಗಳು ತಿರುಗುತ್ತಿದ್ದುವು. ಕೂಲಿ ಕೊಟ್ಟು ಬೀಳ್ಕೊಳ್ಳಬೇಕೆಂದಿದ್ದಾಗ ಅವರೇ, “ಕಾಲು ಸೋತಿಲ್ಲವಾದರೆ ಚಂದ್ರವಳ್ಳಿಗೂ ಬರ್ರಿ, ನೀರಿನ ಮಾತು ಅಲ್ಲಿಗೆ ಪೂರ್ತಿಯಾಗ್ತದೆ” ಎಂದರು. ಆಟೋ ಹಿಡಿದು ಬೆಟ್ಟದ ತಪ್ಪಲಿನ ಆ ಕಣಿವೆಗೆ ಹೋದೆವು.

ಅಲ್ಲಿಯ ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲೆ ಕದಂಬರ ಮಯೂರಶರ್ಮನ ಪ್ರಾಕೃತ ಶಾಸನವಿದೆ, ನಾಲ್ಕನೆಯ ಶತಮಾನದ್ದು. ಅವನು ಗೆದ್ದ ರಾಜರ ಪಟ್ಟಿಗಾಗಿ ಚರಿತ್ರೆಕಾರರು ಅದನ್ನು ಚರ್ಚಿಸಿದ್ದಾರೆ. ನಾನೂ ಆ ಪಟ್ಟಿಯನ್ನೇ ಬರೆಸಿದ್ದೇನೆ. ಗೈಡು ಕೊಡೆಯ ತುದಿಯಿಂದ ತೋರಿಸಿದ್ದು ಪಟ್ಟಿಯನ್ನಲ್ಲ. “ಇದರಲ್ಲಿ ಕೆರೆಯ ಮಾತಿದೆಯಂತಲ್ಲ ಮೇಷ್ಟ್ರೇ?” ಎಂದರು. ಇದೆ. ಆ ಶಾಸನ ಹುಟ್ಟಿದ್ದೇ ಒಂದು ಕೆರೆಗಾಗಿ. ದಂಡಯಾತ್ರೆಯ ಕೀರ್ತಿಯನ್ನು ಹೇಳಿಕೊಳ್ಳುವುದಕ್ಕೆ ಕನ್ನಡ ನಾಡಿನ ಆ ದೊರೆ ಆರಿಸಿಕೊಂಡ ಸಂದರ್ಭ, ನೀರು ಕಟ್ಟಿದ ಸಂದರ್ಭ.

ಇದೇ ಚಂದ್ರವಳ್ಳಿಯ ನೆಲವನ್ನು ಮೊದಲು ಎಂ. ಎಚ್. ಕೃಷ್ಣ ಅವರೂ, 1947ರಲ್ಲಿ ಮಾರ್ಟಿಮರ್ ವೀಲರ್ ಅವರೂ ಅಗೆಸಿದಾಗ, ಸಾತವಾಹನರ ನಾಣ್ಯಗಳ ಜೊತೆಗೆ ರೋಮಿನ ಬೆಳ್ಳಿ ನಾಣ್ಯಗಳೂ ಸಿಕ್ಕಿದುವು. ಎರಡು ಸಾವಿರ ವರ್ಷಗಳ ಹಿಂದೆ ಇಟಲಿಯ ಬೆಳ್ಳಿ ಕಡಲು ದಾಟಿ ಬಂದರಿಗೆ ಇಳಿದು, ಕೈಯಿಂದ ಕೈಗೆ ಸಾಗಿ, ಈ ಒಣನೆಲದ ಊರನ್ನು ಮುಟ್ಟಿತ್ತು. ಆ ವರ್ತಕರೂ ಇಲ್ಲಿ ತಂಗಿದ್ದರೆ, ಮೊದಲು ಕೇಳಿದ್ದು ನೀರನ್ನೇ ಇರಬೇಕು.

ಸಂಜೆಯ ಬಸ್ಸಿನಲ್ಲಿ ಕುಳಿತು ಶಿಷ್ಯನಿಗೆ ಉತ್ತರ ಬರೆಯತೊಡಗಿದೆ. ನೀನು ಕೇಳಿದ ಪ್ರಶ್ನೆಗೆ ಇಂದಿನಿಂದ ‘ಹೌದು’ ಎನ್ನಬಹುದು ಎಂದು ಮೊದಲ ಸಾಲು. ರಜೆಗೆ ಬಂದಾಗ ಇಬ್ಬರೂ ಕೂಡಿ ಹೋಗೋಣ. ಗೈಡು ಅದೇ ಬಾಗಿಲಲ್ಲಿ ನಿಂತಿರುತ್ತಾರೆ. ಹೈದರಾಲಿಯ ವರ್ಷವನ್ನು ಈಗ ಸರಿಯಾಗಿ ಹೇಳುತ್ತಾರೆ ಎಂದು ಎರಡನೆಯದು. ಮೂರನೆಯ ಸಾಲಿಗೆ ತಡವಾಯಿತು. ಕಡೆಗೆ ಬರೆದೆ: ‘ಏಳನೆಯ ತರಗತಿಯಲ್ಲಿ ಓಬವ್ವನ ಪಾಠಕ್ಕೆ ನಿನಗೆ ಪೂರ್ತಿ ಅಂಕ ಕೊಟ್ಟಿದ್ದೆ. ಆಗ ನಾನು ಒಂದು ಪ್ರಶ್ನೆ ಕೇಳುವುದನ್ನು ಮರೆತಿದ್ದೆನಪ್ಪಾ. ಆಕೆ ಅಲ್ಲಿಗೆ ಬಂದದ್ದು ಏತಕ್ಕೆ?’